ಓಟಿಯ ಹೊರಗೆ ಪಳಗುವ ಕೈ

ಬೂದುಗುಂಬಳ, ಸೋರೆ, ಕಲ್ಲಂಗಡಿ, ಸೌತೆ. ತಾವರೆಯ ದಂಟು, ಹಲಸು, ತೊಂಡೆಹಣ್ಣು, ಬಿಲ್ವದ ಕಾಯಿ. ಹುಳು ಕೊರೆದ ಮರದ ತುಂಡು, ಬಿದಿರಿನ ಕೊಳವೆ, ನೀರು ತುಂಬಿದ ಚರ್ಮದ ಚೀಲ, ಮೇಣ ಮೆತ್ತಿದ ಬೂರುಗದ ಹಲಗೆ, ತೆಳು ಬಟ್ಟೆ, ದಪ್ಪ ಬಟ್ಟೆ. ಶಸ್ತ್ರಚಿಕಿತ್ಸೆ ಕಲಿಯಲು ಬಂದ ಶಿಷ್ಯನ ಕೈಗೆ ಸುಶ್ರುತ ಸಂಹಿತೆ ಕೊಡುವ ಸಾಮಾನಿನ ಪಟ್ಟಿ ಇದು. ಸೂತ್ರಸ್ಥಾನದ 9ನೇ ಅಧ್ಯಾಯ ಪೂರ್ತಿ ಈ ಅಭ್ಯಾಸಕ್ಕೇ ಮೀಸಲು. ಅದಕ್ಕೆ ಅಲ್ಲಿರುವ ಹೆಸರು 'ಯೋಗ್ಯಾ'.

ಕಾಯಿಗಳ ಮೇಲೆ ಕೊಯ್ಯುವುದನ್ನು, ತುಂಬಿದ ಚೀಲದ ಮೇಲೆ ಸೀಳುವುದನ್ನು, ಕೂದಲಿರುವ ತೊಗಲಿನ ಮೇಲೆ ಕೆರೆಯುವುದನ್ನು ಕಲಿಯಬೇಕು. ಸತ್ತ ಪ್ರಾಣಿಯ ರಕ್ತನಾಳದಲ್ಲಿ, ತಾವರೆಯ ದಂಟಿನಲ್ಲಿ ಚುಚ್ಚುವ ಅಭ್ಯಾಸ. ಹುಳು ತಿಂದ ಮರದ ಬಿಲದಲ್ಲಿ ಸಲಾಕೆ ಆಡಿಸಿ ಹುಡುಕುವ ಅಭ್ಯಾಸ. ಹಲಸು ಬಿಲ್ವಗಳ ತಿರುಳಿನಿಂದ ಒಳಗಿನದನ್ನು ಹೊರಗೆಳೆಯುವುದು, ಮೇಣದ ಹಲಗೆಯ ಮೇಲೆ ಸ್ರಾವ ಹರಿಸುವುದು, ಬಟ್ಟೆಯ ಅಂಚನ್ನೂ ಮೆದು ಚರ್ಮದ ಅಂಚನ್ನೂ ಕೂಡಿಸಿ ಹೊಲಿಯುವುದು. ಪಟ್ಟಿ ಕಟ್ಟುವುದಕ್ಕೆ ಮನುಷ್ಯಾಕೃತಿಯ ಬೊಂಬೆ. ಎಷ್ಟೇ ಓದಿಕೊಂಡಿದ್ದರೂ ಈ ಅಭ್ಯಾಸ ಮಾಡದವನು ರೋಗಿಯ ಮೇಲೆ ಕೈಯಿಡಲು ಅರ್ಹನಲ್ಲ ಎಂಬುದು ಆ ಅಧ್ಯಾಯದ ಸಾರ. ಬೂರುಗದ ಹಲಗೆ ಮತ್ತು ತಾವರೆ ದಂಟು ಬಿಟ್ಟರೆ ಮಿಕ್ಕಿದ್ದೆಲ್ಲ ಅರಸೀಕೆರೆಯ ಸಂತೆಯಲ್ಲೋ ಬೇಲೂರಿನ ಪೇಟೆಯಲ್ಲೋ ಇವತ್ತಿಗೂ ಸಿಗುತ್ತದೆ.

ಈ ಲೇಖನ ಹಾಸನದ ವೈದ್ಯಕೀಯ ಕಾಲೇಜಿನಲ್ಲಿ ಇಂಟರ್ನ್‌ಶಿಪ್ ಮಾಡುತ್ತಿರುವವರಿಗೆ, ಅರಸೀಕೆರೆ ಬೇಲೂರುಗಳ ತಾಲೂಕು ಆಸ್ಪತ್ರೆಗೆ ಹೊಸದಾಗಿ ಬಂದ ವೈದ್ಯರಿಗೆ, ಹಳೇಬೀಡಿನಂಥ ಊರಲ್ಲಿ ಗಾಯ, ಕುರು, ಹೆರಿಗೆಗಳನ್ನು ಒಬ್ಬರೇ ನೋಡಿಕೊಳ್ಳಬೇಕಾದವರಿಗೆ, ಹಾಸನದ ಧರ್ಮಸ್ಥಳ ಮಂಜುನಾಥೇಶ್ವರ ಆಯುರ್ವೇದ ಕಾಲೇಜಿನಲ್ಲಿ ಶಲ್ಯತಂತ್ರ ಓದುತ್ತಿರುವವರಿಗೆ. ಪದವಿ, ನೋಂದಣಿ ಇಲ್ಲದವರು ಇದನ್ನು ಓದಿ ಮನುಷ್ಯರ ಗಾಯಕ್ಕೆ ಹೊಲಿಗೆ ಹಾಕಲು ಹೊರಡುವುದು ಅಪರಾಧ, ಅಪಾಯ ಎರಡೂ. ಅವರು ಓದಬಹುದು, ಮಾಡಬಾರದು.

ಹೊರಗಿನ ಅಭ್ಯಾಸ ಯಾಕೆ ಬೇಕು? ಕಾರಣ ಸರಳ. ದೊಡ್ಡ ಆಸ್ಪತ್ರೆಯ ಓಟಿಯಲ್ಲಿ ಒಂದು ಕೇಸಿಗೆ ಕೈ ತೊಳೆದು ನಿಲ್ಲುವವರು ನಾಲ್ಕೈದು ಜನ. ಕಿರಿಯರ ಪಾಲಿಗೆ ಬರುವುದು ರಿಟ್ರಾಕ್ಟರ್ ಹಿಡಿಯುವ ಕೆಲಸ. ಅದೃಷ್ಟವಿದ್ದರೆ ಕೊನೆಗೆ ಚರ್ಮದ ಎರಡು ಹೊಲಿಗೆ. ತಾಲೂಕು ಆಸ್ಪತ್ರೆಗೆ ಬಂದ ಮೇಲೆ ಚಿತ್ರ ತಿರುವುಮುರುವು. ಅಲ್ಲಿ ಸಿಸೇರಿಯನ್, ಸಂತಾನಹರಣ, ಹರ್ನಿಯಾ ಬಂದಷ್ಟು ಬೇರೆ ಕೇಸು ಬರುವುದಿಲ್ಲ; ಕಾಲೇಜಿನಲ್ಲಿ ಕಲಿತ ಉಳಿದ ವಿದ್ಯೆಗೆ ತುಕ್ಕು ಹಿಡಿಯುತ್ತದೆ. ಆದರೆ ಕರುಳು ತೂತಾದ ಒಬ್ಬ ರೋಗಿ ರಾತ್ರಿ ಬಂದರೆ, ಸುಮಾರು 40 ಕಿಲೋಮೀಟರ್ ದೂರದ ಹಾಸನಕ್ಕೆ ಕಳಿಸುವಷ್ಟು ಹೊತ್ತು ಇಲ್ಲದಿದ್ದರೆ, ಆಗ ಬೇಕಾಗುವುದು ಅದೇ ವಿದ್ಯೆ. 2019ರಿಂದ ಬಂದ ಸಾಮರ್ಥ್ಯ ಆಧಾರಿತ ಎಂಬಿಬಿಎಸ್ ಪಠ್ಯಕ್ರಮ ಪ್ರತಿ ಕಾಲೇಜಿನಲ್ಲೂ ಸ್ಕಿಲ್ ಲ್ಯಾಬ್ ಇರಬೇಕೆನ್ನುತ್ತದೆ. ಒಳ್ಳೆಯ ಕೆಲಸ. ಕಾಲೇಜು ಬಿಟ್ಟ ಮೇಲೆ ಲ್ಯಾಬನ್ನು ನಾವೇ ಕಟ್ಟಿಕೊಳ್ಳಬೇಕು, ಮತ್ತು ಅದು ಒಂದು ಮೇಜಿನ ಮೇಲೆ ಹಿಡಿಸುತ್ತದೆ.

ದುಬಾರಿ ಸಿಮ್ಯುಲೇಟರ್ ಇಲ್ಲವೆಂದು ಕೊರಗುವವರಿಗೆ ಟೊರಾಂಟೊದಿಂದ ಒಂದು ಸಮಾಧಾನವಿದೆ. ಮೂತ್ರನಾಳಕ್ಕೆ ದುರ್ಬೀನು ಹಾಕಿ ಕಲ್ಲು ತೆಗೆಯುವುದನ್ನು ಕಲಿಸಲು ಅಲ್ಲಿನ ಮೂತ್ರಾಂಗ ತಜ್ಞರು ಎರಡು ಮಾದರಿ ಇಟ್ಟರು. ಒಂದು 3,700 ಡಾಲರಿನದು. ಇನ್ನೊಂದು ರಬ್ಬರ್ ಡ್ರೇನ್, ಬೋರಲು ಹಾಕಿದ ಲೋಟ, ಎರಡು ಸ್ಟ್ರಾ ಸೇರಿಸಿ 20 ಡಾಲರಿನಲ್ಲಿ ಮಾಡಿದ್ದು. ಎರಡರಲ್ಲಿ ಕಲಿತ ವಿದ್ಯಾರ್ಥಿಗಳ ನಡುವೆ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣಲಿಲ್ಲ ಎಂದು 2002ರಲ್ಲಿ ವರದಿ ಮಾಡಿದರು. ಅಭ್ಯಾಸದ ವಸ್ತು ಮನುಷ್ಯನ ಅಂಗದ ಹಾಗೆ ಕಾಣಬೇಕಾಗಿಲ್ಲ. ಕೈ ಮಾಡಬೇಕಾದ ಕೆಲಸವನ್ನೇ ಅದು ಮಾಡಿಸಿದರೆ ಸಾಕು.

ಮೊದಲು ಗಂಟು

ಉಪಕರಣ ಕೊಳ್ಳುವ ಮುಂಚೆ ಎರಡು ಬಣ್ಣದ ಶೂ ಲೇಸ್ ತನ್ನಿ. ತುದಿ ಸೇರಿಸಿ ಕಟ್ಟಿ, ಕುರ್ಚಿಯ ಕೈಗೆ ಸಿಕ್ಕಿಸಿ. ಬಣ್ಣ ಬೇರೆಯಾದ್ದರಿಂದ ಯಾವ ಎಳೆ ಯಾವುದರ ಮೇಲೆ ಹೋಯಿತು ಎಂಬುದು ಕಣ್ಣಿಗೆ ಹೊಡೆದು ಕಾಣುತ್ತದೆ. ಎರಡು ಕೈಯ ಗಂಟು ಮೊದಲು, ಒಂದು ಕೈಯದು ಆಮೇಲೆ. ಬಹಳ ಜನ ಒಂದು ಕೈಯ ಗಂಟಿನ ಚುರುಕಿಗೆ ಮರುಳಾಗಿ ಎರಡು ಕೈಯದನ್ನು ಬಿಟ್ಟುಬಿಡುತ್ತಾರೆ. ಎಳೆತ ಇರುವ ಜಾಗದಲ್ಲಿ, ಮೊದಲ ಸುತ್ತು ಸಡಿಲವಾಗದ ಹಾಗೆ ಹಿಡಿದುಕೊಂಡು ಎರಡನೆಯದನ್ನು ಕೂರಿಸಬೇಕಾದಲ್ಲಿ, ಎರಡು ಕೈಯ ಗಂಟನ್ನು ಮೀರಿಸಿದ್ದು ಇಲ್ಲ.

ಇಲ್ಲಿ ನೋಡಿಕೊಳ್ಳಬೇಕಾದ ಮುಖ್ಯ ಸಂಗತಿ ಒಂದೇ. ಒಂದಾದ ಮೇಲೊಂದು ಸುತ್ತು ವಿರುದ್ಧ ದಿಕ್ಕಿನಲ್ಲಿ ಬಿದ್ದು, ಎರಡೂ ಎಳೆ ಮಟ್ಟಸವಾಗಿ ಮಲಗಬೇಕು. ಒಂದೇ ದಿಕ್ಕಿನಲ್ಲಿ ಎರಡು ಸುತ್ತು ಬಿದ್ದರೆ ಅದು ಜಾರುವ ಗಂಟು. ನೋಡಲು ಸರಿಯಾಗಿಯೇ ಕಾಣುತ್ತದೆ, ರಾತ್ರಿ ವಾರ್ಡಿನಲ್ಲಿ ಬಿಚ್ಚಿಕೊಳ್ಳುತ್ತದೆ. ಲೇಸಿನ ಮೇಲೆ ಕಟ್ಟಿದ ಮೇಲೆ ಗಂಟನ್ನು ಎಳೆದು ನೋಡಿ. ಜಾರಿದರೆ ಎಲ್ಲಿ ದಿಕ್ಕು ತಪ್ಪಿತು ಎಂದು ಬಣ್ಣವೇ ತೋರಿಸುತ್ತದೆ. ರೇಷ್ಮೆ ದಾರಕ್ಕೆ ಮೂರು ಸುತ್ತು ಸಾಕಾದರೆ, ಪ್ರೊಲೀನ್‌ನಂಥ ನುಣುಪಾದ ಒಂಟಿ ಎಳೆಗೆ ಐದಾರು ಬೇಕು. ದಾರ ಬದಲಾದಾಗ ಕೈ ತಾನಾಗಿಯೇ ಸುತ್ತಿನ ಲೆಕ್ಕ ಬದಲಿಸುವಷ್ಟು ರೂಢಿಯಾಗಲಿ.

ಲೇಸಿನಿಂದ ದಾರಕ್ಕೆ ಬಂದ ಮೇಲೆ ಕಷ್ಟವನ್ನು ಒಂದೊಂದೇ ಸೇರಿಸಿ. ಎರಡು ಬೆರಳಷ್ಟು ದೂರದಲ್ಲಿ ಹಿಗ್ಗಿಸಿಟ್ಟ ತೆಳು ರಬ್ಬರ್ ಬ್ಯಾಂಡಿಗೆ ಗಂಟು ಹಾಕಿ, ಬ್ಯಾಂಡು ಮೇಲೇಳಬಾರದು. ರಕ್ತನಾಳವನ್ನು ಕಿತ್ತು ಬರುವಂತೆ ಎಳೆಯದಿರುವ ಪಾಠ ಇದೇ. ಆಳವಾದ ಸ್ಟೀಲ್ ಚೊಂಬಿನ ತಳಕ್ಕೆ ಒಂದು ಕೊಕ್ಕೆ ಅಂಟಿಸಿ, ಚೊಂಬಿನ ಗೋಡೆಗೆ ಕೈ ತಾಗದಂತೆ ಒಳಗೆ ಗಂಟು ಕೂರಿಸಿ. ಸೊಂಟದ ಗೂಡಿನ ಆಳದಲ್ಲಿ ತೋರುಬೆರಳು ಮಾಡುವ ಕೆಲಸ ಇದು. ಗ್ಲೌಸ್ ಹಾಕಿಕೊಂಡು ಮಾಡಿ. ಆಮೇಲೆ ಗ್ಲೌಸಿಗೆ ಒಂದಿಷ್ಟು ಸೋಪಿನ ನೀರು ಸವರಿಕೊಂಡು ಮಾಡಿ, ಏಕೆಂದರೆ ರಕ್ತ ಒಣಗಿರುವುದಿಲ್ಲ. ಎಡಗೈಗೆ ಸಮಪಾಲು ಕೊಡಿ. ಬಸ್ಸಿನಲ್ಲಿ ಅರಸೀಕೆರೆಯಿಂದ ಹಾಸನಕ್ಕೆ ಹೋಗುವಾಗ ಬ್ಯಾಗಿನ ಹಿಡಿಗೆ ದಾರ ಕಟ್ಟಿಕೊಂಡು ಕೂತರೆ ಯಾರೂ ಏನೂ ಅನ್ನುವುದಿಲ್ಲ.

ಸೂಜಿ, ಬಟ್ಟೆ, ಬಾಳೆ

ಬೇಕಾದ ಉಪಕರಣ ಕಡಿಮೆ: ಒಂದು ನೀಡಲ್ ಹೋಲ್ಡರ್, ಹಲ್ಲಿರುವ ಒಂದು ಫೋರ್ಸೆಪ್ಸ್, ಹಲ್ಲಿಲ್ಲದ್ದು ಒಂದು, ಕತ್ತರಿ, ಬ್ಲೇಡಿನ ಹಿಡಿ. ಅವಧಿ ಮೀರಿದ ಹೊಲಿಗೆ ದಾರ ಯಾವ ಆಸ್ಪತ್ರೆಯ ಸ್ಟೋರಿನಲ್ಲೂ ಇರುತ್ತದೆ. ಕೇಳಿ, ಪುಸ್ತಕದಲ್ಲಿ ಬರೆಸಿ ತನ್ನಿ. ಅಭ್ಯಾಸದ ಉಪಕರಣವನ್ನು ಒಂದು ಡಬ್ಬಿಯಲ್ಲಿ ಬೇರೆಯಾಗಿಡಿ, ಅದು ಮತ್ತೆ ರೋಗಿಯ ಹತ್ತಿರ ಹೋಗಕೂಡದು.

ಸೂಜಿಯನ್ನು ಹಿಡಿಯುವ ಜಾಗ ತುದಿಯಿಂದ ಮೂರನೇ ಎರಡು ಭಾಗ ದೂರದಲ್ಲಿ. ತುದಿ ಹಿಡಿದರೆ ಮೊಂಡಾಗುತ್ತದೆ, ದಾರ ಕೂಡಿದ ಬುಡ ಹಿಡಿದರೆ ಬಾಗುತ್ತದೆ. ಚರ್ಮಕ್ಕೆ ನೆಟ್ಟಗೆ ಲಂಬವಾಗಿ ಇಳಿಸಿ, ಆಮೇಲೆ ಮಣಿಕಟ್ಟು ತಿರುಗಿಸಿ ಸೂಜಿಯನ್ನು ಅದರ ಬಾಗಿನ ಹಾದಿಯಲ್ಲೇ ಹೊರಗೆ ತನ್ನಿ. ಹೊಸಬರು ನೂಕುತ್ತಾರೆ, ನೂಕಿದರೆ ತೂತು ಹಿಗ್ಗುತ್ತದೆ, ಅಂಗಾಂಶ ಹರಿಯುತ್ತದೆ. ಇದನ್ನು ಕಲಿಸುವುದರಲ್ಲಿ ಬಾಳೆಹಣ್ಣಿನ ಸಿಪ್ಪೆಗೆ ಸಾಟಿಯಿಲ್ಲ. ಸಿಪ್ಪೆಯನ್ನು ಉದ್ದಕ್ಕೆ ಸೀಳಿ ಹೊಲಿಯಿರಿ. ಮಣಿಕಟ್ಟು ತಿರುಗದೆ ನೂಕಿದ ಕಡೆಯೆಲ್ಲ ಸೀಳು ಬೀಳುತ್ತದೆ, ಬಿಗಿ ಹೆಚ್ಚಾದ ಕಡೆ ದಾರ ಕೊಯ್ದುಕೊಂಡು ಹೋಗುತ್ತದೆ, ಫೋರ್ಸೆಪ್ಸ್ ಒತ್ತಿ ಹಿಡಿದ ಜಾಗ ಸ್ವಲ್ಪ ಹೊತ್ತಿಗೆ ಕಪ್ಪಾಗುತ್ತದೆ. ಸೂಜಿ ಒಳಹೊಕ್ಕ ದೂರ, ಹೊರಬಂದ ದೂರ ಎರಡೂ ಅಂಚಿನಿಂದ ಸಮವಿದೆಯೇ ಎಂದು ಸ್ಕೇಲಿಟ್ಟು ನೋಡಿ. ಸಾಮಾನ್ಯ ಬಿಡಿ ಹೊಲಿಗೆ ಹದಕ್ಕೆ ಬಂದ ಮೇಲೆ ವರ್ಟಿಕಲ್ ಮ್ಯಾಟ್ರೆಸ್, ಆಮೇಲೆ ಚರ್ಮದೊಳಗೆ ಸಾಗುವ ಸಬ್‌ಕ್ಯೂಟಿಕ್ಯುಲರ್. ಈ ಕೊನೆಯದಕ್ಕೆ ಬಾಳೆಸಿಪ್ಪೆ ಸಾಲದು, ಚರ್ಮ ಸಹಿತ ಕೋಳಿ ತೊಡೆ ಬೇಕು.

ಹೊಟ್ಟೆ ಮುಚ್ಚುವ ಹೊಲಿಗೆಯನ್ನು ಕುರಿತು ಸ್ವಲ್ಪ ವಿಸ್ತಾರವಾಗಿ ಹೇಳಲೇಬೇಕು, ಯಾಕೆಂದರೆ ಕೇಸಿನ ಕೊನೆಯಲ್ಲಿ ಎಲ್ಲರೂ ದಣಿದಾಗ ಕಿರಿಯರ ಕೈಗೆ ಕೊಡುವ ಕೆಲಸ ಇದು. ನೆದರ್ಲೆಂಡ್ಸ್‌ನಲ್ಲಿ 560 ರೋಗಿಗಳ ಮೇಲೆ ನಡೆದು 2015ರಲ್ಲಿ 'ಲ್ಯಾನ್ಸೆಟ್' ಪತ್ರಿಕೆಯಲ್ಲಿ ಬಂದ ಅಧ್ಯಯನದಲ್ಲಿ, ಅಂಚಿನಿಂದ ಒಂದು ಸೆಂಟಿಮೀಟರ್ ಬಿಟ್ಟು, ಒಂದು ಸೆಂಟಿಮೀಟರಿಗೊಂದು ದೊಡ್ಡ ಹೊಲಿಗೆ ಹಾಕಿದವರಲ್ಲಿ ವರ್ಷದೊಳಗೆ ಶೇ 21ರಷ್ಟು ಜನಕ್ಕೆ ಗಾಯದ ಜಾಗದಲ್ಲಿ ಹರ್ನಿಯಾ ಆಯಿತು; ಅಂಚಿನಿಂದ 5 ಮಿಲಿಮೀಟರ್ ಬಿಟ್ಟು, 5 ಮಿಲಿಮೀಟರಿಗೊಂದು ಸಣ್ಣ ಹೊಲಿಗೆ ಹಾಕಿದವರಲ್ಲಿ ಶೇ 13. ಔಷಧಿ ಬದಲಾಗಲಿಲ್ಲ, ಯಂತ್ರ ಬರಲಿಲ್ಲ. ಮುಖ್ಯವಾಗಿ ಬದಲಾದದ್ದು ಕೈಯ ಅಳತೆ. ಈ ಅಳತೆಯನ್ನು ರೋಗಿಯ ಹೊಟ್ಟೆಯ ಮೇಲೆ ಕಲಿಯಬೇಕಾದ ಅಗತ್ಯವೇ ಇಲ್ಲ. ಎರಡು ಪದರದ ದಪ್ಪ ಕೋರಾ ಬಟ್ಟೆಯಲ್ಲಿ 10 ಸೆಂಟಿಮೀಟರ್ ಸೀಳು ಮಾಡಿ. ಅಂಚಿಗೆ 5 ಮಿಲಿಮೀಟರಿನ ಗೆರೆ ಎಳೆದುಕೊಂಡು ಹೊಲಿಯಿರಿ. ಮುಗಿದ ಮೇಲೆ ಉಳಿದ ದಾರ ಅಳೆದು, ಬಳಸಿದ್ದೆಷ್ಟು ಎಂದು ಕಳೆಯಿರಿ. ಗಾಯದ ಉದ್ದದ ನಾಲ್ಕು ಪಟ್ಟು, ಎಂದರೆ ಕನಿಷ್ಠ 40 ಸೆಂಟಿಮೀಟರ್ ದಾರ ಬಟ್ಟೆಯೊಳಗೆ ಇರಬೇಕು. ಕಡಿಮೆಯಿದ್ದರೆ ಹೊಲಿಗೆ ದೂರ ದೂರ ಬಿದ್ದಿದೆ, ಇಲ್ಲವೇ ಬಿಗಿ ಜಾಸ್ತಿಯಾಗಿದೆ. ಗೆರೆಯಿಲ್ಲದ ಬಟ್ಟೆಯ ಮೇಲೂ ಲೆಕ್ಕ ಸರಿಬರುವವರೆಗೆ ಇದನ್ನು ಬಿಡಬೇಡಿ.

ಮಾಡಿದ ಬಟ್ಟೆಯನ್ನು ಎಸೆಯದೆ ತಾರೀಖು ಹಾಕಿ, ಹೆಸರು ಬರೆದು ಇಟ್ಟುಕೊಳ್ಳಿ. ಬೇಲೂರಿನ ಚೆನ್ನಕೇಶವ ದೇವಾಲಯದಲ್ಲಿ ಶಿಲ್ಪಿಗಳು ತಮ್ಮ ಹೆಸರನ್ನು ಕಲ್ಲಿನ ಮೇಲೇ ಬಿಟ್ಟು ಹೋಗಿದ್ದಾರೆ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಎಂದು ಇಂದಿಗೂ ಓದಬಹುದು. ಯಾವ ಮದನಿಕೆ ಯಾರ ಕೈಯದು, ಅಪ್ಪನ ಕೆಲಸ ಎಂಥದು, ಮಗನದು ಎಂಥದು ಎಂದು ಒಂಬೈನೂರು ವರ್ಷದ ಮೇಲೂ ಹೋಲಿಸಿ ನೋಡಲು ಆಗುವುದು ಹೆಸರಿರುವುದರಿಂದ. ನಿಮ್ಮ ಮೊದಲ ತಿಂಗಳ ಬಟ್ಟೆಯನ್ನೂ ಆರನೇ ತಿಂಗಳ ಬಟ್ಟೆಯನ್ನೂ ಪಕ್ಕಪಕ್ಕ ಇಟ್ಟು ನೋಡುವ ಅವಕಾಶವನ್ನು ನೀವೂ ಉಳಿಸಿಕೊಳ್ಳಿ.

ಮಟನ್ ಅಂಗಡಿಯಿಂದ

ಕರುಳಿಗೆ ಕರುಳು ಸೇರಿಸುವ ಹೊಲಿಗೆಗೆ ಮೇಕೆಯ ಸಣ್ಣ ಕರುಳು ಬಹಳ ಒಳ್ಳೆಯದು. ಚೆನ್ನಾಗಿ ತೊಳೆದ ಒಂದು ಗೇಣು ಕರುಳನ್ನು ನಡುವೆ ಕತ್ತರಿಸಿ, ಎರಡು ತುದಿಯನ್ನೂ ಜೋಡಿಸಿ. ಮೊದಲು ಎರಡು ಕಡೆ ಆಧಾರದ ಹೊಲಿಗೆ, ಆಮೇಲೆ ಹಿಂದಿನ ಗೋಡೆ, ಕೊನೆಗೆ ಮುಂದಿನ ಗೋಡೆ. ಗಟ್ಟಿ ಪದರವಾದ ಸಬ್‌ಮ್ಯುಕೋಸಾ ಪ್ರತಿ ಹೊಲಿಗೆಯಲ್ಲೂ ಸಿಕ್ಕಬೇಕು, ಒಳಪದರ ಹೊರಗೆ ಹಲ್ಲುಕಿರಿಯಬಾರದು. ಮುಗಿದ ಮೇಲೆ ಒಂದು ತುದಿಯನ್ನು ಕಟ್ಟಿ, ಇನ್ನೊಂದರಿಂದ ಸಿರಿಂಜಿನಲ್ಲಿ ಬಣ್ಣದ ನೀರು ತುಂಬಿ. ಎಲ್ಲಿ ಜಿನುಗಿತೋ ಅಲ್ಲಿ ನಿಮ್ಮ ಅಂತರ ತಪ್ಪಿದೆ. ನೀರು ಹಿಡಿದ ಮೇಲೂ ಜೋಡಣೆಯನ್ನು ಉದ್ದಕ್ಕೆ ಸೀಳಿ ಒಳಗಿನಿಂದ ನೋಡಿ: ಹಿಂದಿನ ಗೋಡೆ ಮುಂದಿನದಕ್ಕೆ ಸೇರಿಕೊಂಡು ದಾರಿಯೇ ಮುಚ್ಚಿದ್ದರೆ, ನೀರು ಸೋರದಿದ್ದರೂ ಆ ಕೆಲಸ ಕೆಟ್ಟಿದೆ. ರೋಗಿಯ ಹೊಟ್ಟೆಯೊಳಗೆ ಹೀಗೆ ಸೀಳಿ ನೋಡುವ ಅವಕಾಶ ಯಾರಿಗೂ ಸಿಗುವುದಿಲ್ಲ. ಮೇಜಿನ ಮೇಲಿನ ಅಭ್ಯಾಸದ ದೊಡ್ಡ ಲಾಭ ಇದು.

ಸಣ್ಣ ರಕ್ತನಾಳ ಜೋಡಿಸುವ ಆಸೆಯಿದ್ದವರಿಗೆ ಕೋಳಿ ತೊಡೆಯ ಅಪಧಮನಿ ಸಾಕಷ್ಟು ಸವಾಲು. ಒಂದೆರಡು ಮಿಲಿಮೀಟರ್ ಅಗಲದ್ದು, ಹಿಗ್ಗಿಸಿ ತೋರಿಸುವ ಲೂಪ್ ಕನ್ನಡಕ ಬೇಕಾಗುತ್ತದೆ. ಮೂಳೆ ವಿಭಾಗದವರಿಗೆ ಬಿದಿರು. ಕೊರೆಯುವಾಗ ಹತ್ತಿರದ ಗೋಡೆ ದಾಟಿ, ಟೊಳ್ಳು ದಾಟಿ, ದೂರದ ಗೋಡೆ ದಾಟಿದ ಕೂಡಲೇ ಡ್ರಿಲ್ ನಿಲ್ಲಬೇಕು. ಬಿದಿರಿನ ಹಿಂದೆ ಜೇಡಿಮಣ್ಣಿನ ಮುದ್ದೆ ಒತ್ತಿಟ್ಟರೆ ಡ್ರಿಲ್ಲಿನ ತುದಿ ಎಷ್ಟು ಆಳ ನುಗ್ಗಿತು ಎಂದು ಅಳೆದು ನೋಡಬಹುದು. ನಿಜವಾದ ಕಾಲಿನಲ್ಲಿ ಆ ಮಣ್ಣಿನ ಜಾಗದಲ್ಲಿ ರಕ್ತನಾಳ, ನರ ಇರುತ್ತವೆ. ತೆಂಗಿನ ಸೀಮೆಯಾದ ಅರಸೀಕೆರೆಯಲ್ಲಿ ಇನ್ನೊಂದು ಸಾಮಗ್ರಿಗೆ ಬರವಿಲ್ಲ: ಸುಲಿದ ತೆಂಗಿನಕಾಯಿಯ ಚಿಪ್ಪನ್ನು ಕೊರೆದು, ಒಳಗಿನ ಕೊಬ್ಬರಿಗೆ ಗೀರು ಬೀಳದಂತೆ ನಿಲ್ಲಿಸುವ ಅಭ್ಯಾಸ ಮಾಡಿ.

ಪ್ರಾಣಿ ಅಂಗಾಂಶದ ಜೊತೆ ಎಚ್ಚರ ಬೇಕು. ಕುರಿ ಮೇಕೆಗಳಿಂದ ಬ್ರುಸೆಲ್ಲಾ ಸೋಂಕು ಮನುಷ್ಯರಿಗೆ ಹರಡುತ್ತದೆ, ನಮ್ಮ ರಾಜ್ಯದಲ್ಲಿ ಅದು ಅಪರೂಪದ ಕಾಯಿಲೆಯಲ್ಲ. ಗ್ಲೌಸ್, ಕಣ್ಣಿಗೆ ಕನ್ನಡಕ ಕಡ್ಡಾಯ. ಅಡುಗೆಮನೆಯ ಈಳಿಗೆ, ಹಲಗೆ, ಫ್ರಿಜ್ ಬಳಸಬೇಡಿ. ಅಭ್ಯಾಸ ಮಾಡಿದ ಮಾಂಸ ಅಡುಗೆಗೆ ಹೋಗಬಾರದು. ಸೂಜಿ, ಬ್ಲೇಡುಗಳನ್ನು ಚುಚ್ಚಿದರೂ ತೂತಾಗದ ಬಿಳಿ ಡಬ್ಬಿಗೆ, ಅಂಗಾಂಶವನ್ನು ಹಳದಿ ಚೀಲಕ್ಕೆ ಹಾಕಬೇಕು. 2016ರ ಜೈವಿಕ ವೈದ್ಯಕೀಯ ತ್ಯಾಜ್ಯ ನಿಯಮ ಹೇಳುವುದೂ ಇದನ್ನೇ. ಆದ್ದರಿಂದ ಮಾಂಸದ ಅಭ್ಯಾಸವನ್ನು ಮನೆಯಲ್ಲಿ ಮಾಡುವುದಕ್ಕಿಂತ ಆಸ್ಪತ್ರೆಯ ಒಂದು ಮೂಲೆ ಕೊಠಡಿಯಲ್ಲಿ, ಅನುಮತಿ ಪಡೆದು ಮಾಡುವುದೇ ಸರಿ. ಕೈಗೆ ಚುಚ್ಚಿಕೊಂಡರೆ ಸೋಪು ನೀರಿನಲ್ಲಿ ತೊಳೆದು, ಟೆಟನಸ್ ಚುಚ್ಚುಮದ್ದಿನ ಲೆಕ್ಕ ನೋಡಿಕೊಳ್ಳಿ.

ಒಂದು ಪೆಟ್ಟಿಗೆ, ಒಂದು ಮೊಬೈಲು

ಲ್ಯಾಪ್ರೊಸ್ಕೋಪಿಯ ತೊಡಕು ಬೇರೆ ಥರದ್ದು. ಕಣ್ಣು ಪರದೆಯ ಮೇಲೆ, ಕೈ ಬೇರೆಲ್ಲೋ. ಹೊಟ್ಟೆಗೋಡೆಯ ತೂತು ಕೀಲಿನಂತಾಗಿ, ಹಿಡಿ ಬಲಕ್ಕೆ ಹೋದರೆ ತುದಿ ಎಡಕ್ಕೆ ಹೋಗುತ್ತದೆ. ಆಳ ತಿಳಿಯುವುದಿಲ್ಲ. ಮೆದುಳು ಇದಕ್ಕೆ ಒಗ್ಗಲು ಗಂಟೆಗಟ್ಟಲೆ ಅಭ್ಯಾಸ ಬೇಕು, ಮತ್ತು ಆ ಗಂಟೆಗಳನ್ನು ಅರಿವಳಿಕೆಯಲ್ಲಿ ಮಲಗಿದ ರೋಗಿಯ ಮೇಲೆ ಕಳೆಯುವುದು ನ್ಯಾಯವಲ್ಲ.

ಮುಚ್ಚಳವಿರುವ ಪ್ಲಾಸ್ಟಿಕ್ ಡಬ್ಬಿಯೋ ಗಟ್ಟಿ ರಟ್ಟಿನ ಪೆಟ್ಟಿಗೆಯೋ ತೆಗೆದುಕೊಳ್ಳಿ. ಮೇಲೆ ಒಂದು ಕಿಟಕಿ ಕೊಯ್ದು ಮೊಬೈಲನ್ನು ಕ್ಯಾಮೆರಾ ಕೆಳಮುಖವಾಗಿ ಓರೆಯಾಗಿಡಿ, ಒಳಗೆ ಒಂದು ಎಲ್‌ಇಡಿ ದೀಪ. ಉಪಕರಣ ಹೋಗಲು ಎರಡು ತೂತು, ಅವಕ್ಕೆ ರಬ್ಬರ್ ಹಾಳೆಯ ಹೊದಿಕೆ. ಮೊಬೈಲಿನ ಚಿತ್ರವನ್ನು ಟಿವಿಗೆ ಹಾಕಿಕೊಂಡರೆ ಇನ್ನೂ ಒಳ್ಳೆಯದು. ಸವೆದು ಬದಿಗಿಟ್ಟ ಗ್ರಾಸ್ಪರ್, ಕತ್ತರಿ, ನೀಡಲ್ ಹೋಲ್ಡರ್ ಹಾಸನದ ದೊಡ್ಡ ಆಸ್ಪತ್ರೆಗಳಲ್ಲಿ ಕೇಳಿದರೆ ಸಿಗಬಹುದು. ಚೆನ್ನಾಗಿ ಶುದ್ಧ ಮಾಡಿಸಿ ತನ್ನಿ.

ಅದರೊಳಗೆ ಏನು ಮಾಡಬೇಕು ಎಂಬುದನ್ನು ಹೊಸದಾಗಿ ಯೋಚಿಸಬೇಕಾಗಿಲ್ಲ. ಅಮೆರಿಕದಲ್ಲಿ 2009-10ರ ನಂತರ ತರಬೇತಿ ಮುಗಿಸುವ ಸರ್ಜನ್‌ಗಳು ಪಾಸಾಗಲೇಬೇಕಾದ ಎಫ್‌ಎಲ್‌ಎಸ್ ಪರೀಕ್ಷೆಯಲ್ಲಿ ಐದು ಕೆಲಸಗಳಿವೆ. ಆರು ಬಿಲ್ಲೆಗಳನ್ನು ಒಂದು ಗೂಟದಿಂದ ಎತ್ತಿ, ಗಾಳಿಯಲ್ಲೇ ಇನ್ನೊಂದು ಉಪಕರಣಕ್ಕೆ ದಾಟಿಸಿ, ಬೇರೆ ಗೂಟಕ್ಕೆ ಹಾಕಿ ಮತ್ತೆ ಹಿಂದಕ್ಕೆ ತರುವುದು. ಗಾಜ್ ಬಟ್ಟೆಯ ಮೇಲೆ ಬರೆದ ವೃತ್ತವನ್ನು ಗೆರೆಯ ಮೇಲೇ ಕತ್ತರಿಸುವುದು. ಕುಣಿಕೆ ಹಾಕಿ ಬಿಗಿಯುವುದು. ಹೊರಗೆ ಗಂಟು ಹಾಕಿ ಒಳಗೆ ತಳ್ಳುವುದು. ಒಳಗೇ ಹೊಲಿದು ಒಳಗೇ ಗಂಟು ಹಾಕುವುದು. ಬಿಲ್ಲೆಯ ಬದಲು ರಬ್ಬರ್ ವಾಷರ್, ಗೂಟದ ಬದಲು ಹಲಗೆಗೆ ಬಡಿದ ಮೊಳೆ ಸಾಕು. ಹೊಸಬರು ಕಡಲೆಕಾಳನ್ನು ಒಂದು ಬಟ್ಟಲಿನಿಂದ ಇನ್ನೊಂದಕ್ಕೆ ಹಾಕುವುದರಿಂದ ಶುರು ಮಾಡಬಹುದು. ಇದಕ್ಕೆ ಫಲ ಉಂಟೇ ಎಂಬ ಅನುಮಾನ ಬೇಡ: 2002ರಲ್ಲಿ ಯೇಲ್ ವಿಶ್ವವಿದ್ಯಾಲಯದಲ್ಲಿ 16 ಕಿರಿಯ ಸರ್ಜನ್‌ಗಳನ್ನು ಎರಡು ಗುಂಪು ಮಾಡಿ, ಒಂದಕ್ಕೆ ಸಿಮ್ಯುಲೇಟರಿನಲ್ಲಿ ಅಭ್ಯಾಸ ಕೊಟ್ಟು ನೋಡಿದರು. ಅಭ್ಯಾಸ ಮಾಡಿದವರು ಪಿತ್ತಕೋಶ ಬಿಡಿಸುವ ಕೆಲಸವನ್ನು ಶೇ 29ರಷ್ಟು ಬೇಗ ಮುಗಿಸಿದರು. ಅಭ್ಯಾಸವಿಲ್ಲದವರು ಪಿತ್ತಕೋಶಕ್ಕೆ ಗಾಯ ಮಾಡುವ, ಬೇರೆ ಜಾಗ ಸುಡುವ ಸಂಭವ ಐದು ಪಟ್ಟು ಹೆಚ್ಚಿತ್ತು.

ಎಷ್ಟು ಹೊತ್ತು, ಯಾರ ಕಣ್ಣೆದುರು

ಭಾನುವಾರ ಪೂರ್ತಿ ಕೂತು ವಾರದ ಅಭ್ಯಾಸ ಮುಗಿಸುವ ಹುಮ್ಮಸ್ಸು ಬೇಡ. ಟೊರಾಂಟೊದಲ್ಲೇ 38 ಕಿರಿಯ ಸರ್ಜನ್‌ಗಳಿಗೆ ಸೂಕ್ಷ್ಮ ರಕ್ತನಾಳ ಜೋಡಣೆ ಕಲಿಸಿದಾಗ, ಅರ್ಧದಷ್ಟು ಮಂದಿಗೆ ನಾಲ್ಕು ಪಾಠವನ್ನು ಒಂದೇ ದಿನ ಕೊಟ್ಟರು, ಉಳಿದವರಿಗೆ ವಾರಕ್ಕೊಂದರಂತೆ. ತಿಂಗಳಾದ ಮೇಲೆ ಪರೀಕ್ಷಿಸಿದರೆ ವಾರಕ್ಕೊಂದರಂತೆ ಕಲಿತವರ ಕೈಯೇ ಮೇಲಾಗಿತ್ತು. 2006ರಲ್ಲಿ ಪ್ರಕಟವಾದ ಈ ಫಲಿತಾಂಶ ಡ್ಯೂಟಿಯ ನಡುವೆ ಬಿಡುವಿಲ್ಲದ ತಾಲೂಕು ವೈದ್ಯರಿಗೆ ಅನುಕೂಲವೇ ಆಗಿದೆ. ಹೊರರೋಗಿ ವಿಭಾಗ ಮುಗಿದ ಮೇಲೆ ದಿನಕ್ಕೆ ಇಪ್ಪತ್ತು ನಿಮಿಷ, ಒಂದು ಸಲಕ್ಕೆ ಒಂದೇ ಕೌಶಲ. ಬಂದದ್ದನ್ನೇ ಮತ್ತೆ ಮತ್ತೆ ಮಾಡಿ ಖುಷಿಪಡುವ ಬದಲು, ಬಾರದ ಭಾಗವನ್ನು ಬಿಡಿಸಿಕೊಂಡು ಅದನ್ನೇ ತಿದ್ದಿ.

ತಿದ್ದಲು ಇನ್ನೊಬ್ಬರ ಕಣ್ಣು ಬೇಕು. ಒಂಟಿಯಾಗಿ ಮಾಡಿದ ಅಭ್ಯಾಸ ತಪ್ಪನ್ನೂ ಗಟ್ಟಿ ಮಾಡುತ್ತದೆ, ಇದು ನನ್ನ ಬಲವಾದ ನಂಬಿಕೆ. ಮೊಬೈಲನ್ನು ಭುಜದ ಎತ್ತರಕ್ಕೆ ನಿಲ್ಲಿಸಿ ಕೈ ಮಾತ್ರ ಕಾಣುವಂತೆ ಚಿತ್ರೀಕರಿಸಿ, ಹಾಸನದಲ್ಲಿರುವ ನಿಮ್ಮ ಮೇಷ್ಟ್ರಿಗೆ ಕಳಿಸಿ. 'ಚೆನ್ನಾಗಿದೆ' ಎಂಬ ಉತ್ತರದಿಂದ ಉಪಯೋಗವಿಲ್ಲ. ಅವರಿಗೆ ಅಂಕಪಟ್ಟಿ ಕೊಟ್ಟು ಕೇಳಿ. ಟೊರಾಂಟೊದವರು 1997ರಲ್ಲಿ ರೂಪಿಸಿದ ಒಸ್ಯಾಟ್ಸ್ ಪಟ್ಟಿ ಬಹಳ ಕಡೆ ಬಳಕೆಯಲ್ಲಿದೆ: ಅಂಗಾಂಶವನ್ನು ಎಷ್ಟು ಮೆತ್ತಗೆ ಮುಟ್ಟಿದಿರಿ, ಬೇಡದ ಚಲನೆ ಎಷ್ಟು, ಉಪಕರಣ ಹಿಡಿದ ರೀತಿ, ಉಪಕರಣದ ಪರಿಚಯ, ಸಹಾಯಕರನ್ನು ಬಳಸಿಕೊಂಡ ಬಗೆ, ಮುಂದಿನ ಹೆಜ್ಜೆಯ ಅರಿವು, ಆ ಶಸ್ತ್ರಚಿಕಿತ್ಸೆಯ ತಿಳಿವಳಿಕೆ. ಒಂದೊಂದಕ್ಕೆ ಒಂದರಿಂದ ಐದು ಅಂಕ. ಅನುಭವಿಗಳೂ ಇದಕ್ಕೆ ಹೊರತಲ್ಲ. ಅಮೆರಿಕದ ಮಿಷಿಗನ್‌ನಲ್ಲಿ ಬೊಜ್ಜಿನ ಶಸ್ತ್ರಚಿಕಿತ್ಸೆ ಮಾಡುವ 20 ಸರ್ಜನ್‌ಗಳ ವಿಡಿಯೋಗಳನ್ನು ಹೆಸರು ಮರೆಮಾಚಿ ಸಹೋದ್ಯೋಗಿಗಳಿಂದ ಅಂಕ ಹಾಕಿಸಿದರು. ಕಡಿಮೆ ಅಂಕ ಪಡೆದ ಗುಂಪಿನ ರೋಗಿಗಳಲ್ಲಿ ತೊಂದರೆ ಶೇ 14.5, ಹೆಚ್ಚು ಅಂಕದವರಲ್ಲಿ ಶೇ 5.2 ಎಂದು 2013ರಲ್ಲಿ ಗೊತ್ತಾಯಿತು. ರೋಗಿಯ ಮೇಲಿನ ಕೆಲಸವನ್ನು ಚಿತ್ರೀಕರಿಸುವುದಾದರೆ ಅವರ ಲಿಖಿತ ಒಪ್ಪಿಗೆ ಬೇಕು, ಮುಖ ಹೆಸರು ಬರಬಾರದು. ಬಾಳೆಸಿಪ್ಪೆಗೆ ಅದರ ತಾಪತ್ರಯವಿಲ್ಲ.

ದಾನವಾಗಿ ಬಂದ ದೇಹ

ಬಟ್ಟೆ, ಕರುಳು, ಪೆಟ್ಟಿಗೆ ಎಲ್ಲ ದಾಟಿದ ಮೇಲೆ ಅಂಗರಚನೆಯ ಪದರ ಪದರ ತಿಳಿಯಲು ಮನುಷ್ಯ ದೇಹವೇ ಗುರು. ಬೆಂಗಳೂರಿನ ಎಂ.ಎಸ್. ರಾಮಯ್ಯ ಅಡ್ವಾನ್ಸ್ಡ್ ಲರ್ನಿಂಗ್ ಸೆಂಟರಿನಲ್ಲಿ ಮೃತದೇಹದ ಮೇಲೆ ಶಸ್ತ್ರಚಿಕಿತ್ಸೆ ಕಲಿಸುವ ಕಾರ್ಯಾಗಾರಗಳು ನಡೆಯುತ್ತವೆ; ವರ್ಷಕ್ಕೊಮ್ಮೆಯಾದರೂ ರಜೆ ಹಾಕಿ ಹೋಗಿಬರುವುದು ಸಾರ್ಥಕ. ಹೋಗುವಾಗ ಬೆಳಗಾವಿಯ ರಾಮಣ್ಣವರ ಮನೆತನವನ್ನು ನೆನೆಯಬೇಕು. ಡಾ. ಬಸವಣ್ಣೆಪ್ಪ ರಾಮಣ್ಣವರ ತಮ್ಮ ದೇಹವನ್ನು ಕಲಿಕೆಗೆ ಕೊಡಬೇಕೆಂದೂ, ಮಗನೇ ಅದನ್ನು ಛೇದಿಸಿ ವಿದ್ಯಾರ್ಥಿಗಳಿಗೆ ತೋರಿಸಬೇಕೆಂದೂ ಬರೆದಿಟ್ಟು 2008ರಲ್ಲಿ ತೀರಿಕೊಂಡರು. ಮಗ ಡಾ. ಮಹಾಂತೇಶ ರಾಮಣ್ಣವರ ಬೆಳಗಾವಿಯ ಕೆಎಲ್‌ಇ ಆಯುರ್ವೇದ ಕಾಲೇಜಿನಲ್ಲಿ ಅಂಗರಚನಾ ಶಾಸ್ತ್ರದ ಅಧ್ಯಾಪಕರು. 2010ರ ನವೆಂಬರ್‌ನಲ್ಲಿ, ವಿದ್ಯಾರ್ಥಿಗಳ ಮುಂದೆ, ಅವರು ತಂದೆಯ ಮಾತನ್ನು ನಡೆಸಿಕೊಟ್ಟರು. ಇಂಥ ದಾನದ ಮುಂದೆ ಕೂತು ಮೊಬೈಲು ಒತ್ತುತ್ತಾ ಕಾಲ ಕಳೆಯುವ ವಿದ್ಯಾರ್ಥಿಯನ್ನು ಕಂಡರೆ ನನಗೆ ನೋವಾಗುತ್ತದೆ. ಯಾವ ಪದರ, ಯಾವ ನರ, ಯಾವ ಹಂತ ನೋಡಬೇಕು ಎಂದು ಮನೆಯಲ್ಲೇ ಬರೆದುಕೊಂಡು ಹೋಗಿ.

ಬರೆಯುವ ಮಾತು ಬಂದದ್ದರಿಂದ: ನಾಳೆಯ ಕೇಸನ್ನು ಇವತ್ತು ರಾತ್ರಿ ಕಣ್ಣು ಮುಚ್ಚಿ ಒಮ್ಮೆ ನಡೆಸಿ ನೋಡುವುದು ಕೂಡ ಅಭ್ಯಾಸವೇ. ಲಂಡನ್ನಿನ ಇಂಪೀರಿಯಲ್ ಕಾಲೇಜಿನವರು 2011ರಲ್ಲಿ ಇದನ್ನು ಪರೀಕ್ಷಿಸಿ, ಮನಸ್ಸಿನೊಳಗೆ ಹಂತಹಂತವಾಗಿ ನಡೆಸಿಕೊಂಡವರು ಸಿಮ್ಯುಲೇಟರಿನಲ್ಲಿ ಮೇಲುಗೈ ಸಾಧಿಸಿದ್ದನ್ನು ತೋರಿಸಿದರು. ಪೆನ್ಸಿಲಿನಲ್ಲಿ ಪ್ರತಿ ಹಂತದ ಚಿತ್ರ ಬರೆಯಿರಿ. ಬರೆಯಲು ಬಾರದ ಹಂತವೇ ನಿಮಗೆ ತಿಳಿಯದ ಹಂತ.

ಸಿಸ್ಟರ್ ಜೊತೆಗೂ ಅಭ್ಯಾಸ

ರಕ್ತಸ್ರಾವ ನಿಲ್ಲಿಸುವುದು ಒಬ್ಬರ ಕೈಯಿಂದ ಆಗುವ ಕೆಲಸವಲ್ಲ. ಹೆರಿಗೆಯ ನಂತರ ರಕ್ತ ಹರಿಯುವಾಗ ಸಣ್ಣ ಆಸ್ಪತ್ರೆಗಳಲ್ಲಿ ಆಗುವ ದೊಡ್ಡ ಎಡವಟ್ಟು, ಹೋದ ರಕ್ತವನ್ನು ಕಡಿಮೆ ಅಂದಾಜು ಮಾಡುವುದು. ಸಹಜ ಹೆರಿಗೆಯಲ್ಲಿ 500 ಮಿಲಿಲೀಟರ್, ಸಿಸೇರಿಯನ್‌ನಲ್ಲಿ 1,000 ಮಿಲಿಲೀಟರ್ ದಾಟಿದರೆ ಎಚ್ಚರಗೊಳ್ಳಬೇಕು ಎಂದು ಎಲ್ಲರಿಗೂ ಗೊತ್ತು. ಬಟ್ಟೆ, ಮಾಪು, ನೆಲದ ಮೇಲೆ ಅಷ್ಟು ರಕ್ತ ಹೇಗೆ ಕಾಣುತ್ತದೆ ಎಂಬುದು ಕಣ್ಣಿಗೆ ಗೊತ್ತಿರುವುದಿಲ್ಲ. ಕುಂಕುಮ ಕಲಸಿದ ನೀರನ್ನು 100, 250, 500 ಮಿಲಿಲೀಟರಿನಂತೆ ಅಳೆದು, ನೀವು ಬಳಸುವ ಅದೇ ಮಾಪು, ಅದೇ ಹಸಿರು ಬಟ್ಟೆ, ಅದೇ ಟ್ರೇಗೆ ಸುರಿಯಿರಿ. ಸಿಸ್ಟರ್, ಆಯಾ, ಓಟಿ ಅಟೆಂಡರ್ ಎಲ್ಲರೂ ಅಂದಾಜನ್ನು ಚೀಟಿಯಲ್ಲಿ ಬರೆಯಲಿ, ಆಮೇಲೆ ನಿಜ ಹೇಳಿ. ಎರಡು ಮೂರು ಸಲ ಮಾಡಿದರೆ ಕಣ್ಣು ಹದಕ್ಕೆ ಬರುತ್ತದೆ. ಅದೇ ಕೂಟದಲ್ಲಿ ಔಷಧಿ ಯಾರು ತರಬೇಕು, ರಕ್ತನಿಧಿಗೆ ಫೋನ್ ಯಾರು, ಕರೆಂಟು ಹೋದರೆ ಟಾರ್ಚ್ ಎಲ್ಲಿದೆ, ಆಂಬುಲೆನ್ಸ್ ಚಾಲಕನನ್ನು ಯಾರು ಎಬ್ಬಿಸಬೇಕು ಎಂದು ಒಮ್ಮೆ ನಡೆದೇ ನೋಡಿ, ಗಡಿಯಾರ ಹಿಡಿದು.

ಇಷ್ಟೆಲ್ಲ ಮಾಡಿದ ಮೇಲೆ ಓಟಿಯಲ್ಲಿ ಸುಮ್ಮನೆ ಅವಕಾಶಕ್ಕೆ ಕಾಯಬೇಡಿ. ಹಿಂದಿನ ದಿನವೇ ಹಿರಿಯ ಸರ್ಜನ್ ಹತ್ತಿರ ಹೋಗಿ, ಬಟ್ಟೆ ಮತ್ತು ವಿಡಿಯೋ ತೋರಿಸಿ, ಒಂದೇ ಒಂದು ಹಂತವನ್ನು ಹೆಸರಿಟ್ಟು ಕೇಳಿ: 'ಸರ್, ನಾಳೆ ಹೊಟ್ಟೆಯ ಶೀತ್ ಮುಚ್ಚುವುದನ್ನು ನನಗೆ ಕೊಡ್ತೀರಾ? ಐದು ಮಿಲಿಮೀಟರಿನ ಹೊಲಿಗೆ ಅಭ್ಯಾಸ ಮಾಡಿದ್ದೇನೆ, ನೀವು ಎದುರಿಗೆ ನಿಂತು ನೋಡಿ.' ಇಡೀ ಕೇಸು ಕೊಡಿ ಎಂದರೆ ಯಾರೂ ಕೊಡುವುದಿಲ್ಲ. ಸಿದ್ಧತೆ ಕಂಡ ಹಂತವನ್ನು ಕೊಡದಿರುವ ಹಿರಿಯರು ಕಡಿಮೆ. ಕೇಸು ಮುಗಿದ ಮೇಲೆ, ಗ್ಲೌಸ್ ತೆಗೆಯುವ ಮುಂಚೆಯೇ, ಎಲ್ಲಿ ತಪ್ಪಿತು ಎಂದು ಅವರನ್ನು ಕೇಳಿ. ಅವರು ಹೇಳಿದ ತಪ್ಪೇ ಮರುದಿನದ ಇಪ್ಪತ್ತು ನಿಮಿಷದ ಪಾಠ.